ರಂಭಮ್ಮನವರ ಬಾನಿ

ನಮ್ಮೂರಿನಲ್ಲಿ ಮನೆಗಳು ಬೆಕ್ಕುಗಳವು. ಮನುಷ್ಯರು ಒಕ್ಕಲು ಇರುತ್ತಾರೆ. ಹೊರಗಿನಿಂದ ಬಂದವರು ಇದನ್ನು ಕೇಳಿ ನಗುತ್ತಾರೆ, ಆಮೇಲೆ ಬಾಡಿಗೆಗೆ ಮನೆ ಹುಡುಕಲು ಹೊರಟಾಗ ನಗು ನಿಲ್ಲಿಸುತ್ತಾರೆ. ನಮ್ಮ ಮನೆಯ ಯಜಮಾನಿ ರಂಭಮ್ಮನವರು. ಬೂದಿ ಬಣ್ಣ, ಬಿಳಿ ಎದೆ, ಎಡಗಿವಿಯ ತುದಿ ಸ್ವಲ್ಪ ಹರಿದಿದೆ. ಅಣ್ಣನ ಮದುವೆಯ ಕರೆಯೋಲೆಯಲ್ಲಿ ಮೊದಲ ಸಾಲು "ಶ್ರೀಮತಿ ರಂಭಮ್ಮನವರ ಅಪ್ಪಣೆಯ ಮೇರೆಗೆ" ಎಂದಿತ್ತು. ಅಪ್ಪನ ಹೆಸರು ಅದರ ಕೆಳಗೆ, ಇನ್ನಷ್ಟು ಸಣ್ಣ ಅಕ್ಷರದಲ್ಲಿ. ಅಪ್ಪನಿಗೆ ಅದರಿಂದ ಬೇಸರವೇನೂ ಆಗಲಿಲ್ಲ. ಯಜಮಾನಿ ಮಲಗಿದ ಆರಾಮಕುರ್ಚಿಯ ಪಕ್ಕ ನೆಲದ ಮೇಲೆ ಕೂತು ಪೇಪರ್ ಓದಿಯೇ ಅವರು ನಿವೃತ್ತಿಯ ಕಾಲ ಕಳೆಯುತ್ತಿದ್ದರು.

ಯಜಮಾನಿ ಮನೆಯಲ್ಲಿದ್ದಾರೆ ಎನ್ನುವುದಕ್ಕೆ ಗುರುತು ಬಾನಿ. ಬಾನಿ ಎಂದರೆ ಮರಳು ತುಂಬಿದ ಅಗಲ ಬಾಯಿಯ ಮಣ್ಣಿನ ಪಾತ್ರೆ. ಯಜಮಾನಿಯರು ತಮ್ಮ ಖಾಸಗಿ ಕೆಲಸ ಮುಗಿಸಿಕೊಳ್ಳುವುದು ಅದರಲ್ಲಿ. ಒಮ್ಮೆ ಅವರು ಒಪ್ಪಿ ಕೂತ ಜಾಗದಿಂದ ಬಾನಿಯನ್ನು ಯಾರೂ ಕದಲಿಸುವಂತಿಲ್ಲ. ದಿನಾ ಬೆಳಿಗ್ಗೆ ಅದನ್ನು ಬಾಚಿ ಹಸನು ಮಾಡುವ ಕೆಲಸ ಮನೆಗೆ ಬಂದ ಸೊಸೆಯದು. ಬಾಚುವ ಕೈಗೆ ಮನೆಯ ಒಕ್ಕಲುತನ ಸೇರುತ್ತದೆ ಎನ್ನುವುದು ಕಟ್ಟಳೆ. ಹಾಗಾಗಿ ಸೊಸೆ ಬಂದ ಮರುದಿನವೇ ಅತ್ತೆಯಾದವಳು ಮರಳು ಬಾಚುವ ಕರಣೆಗೆ ಅರಿಸಿನ ಹಚ್ಚಿ ಅವಳ ಕೈಗೆ ಕೊಟ್ಟು ಕಣ್ಣೀರು ಹಾಕುತ್ತಾಳೆ. ಆ ಕಣ್ಣೀರು ದುಃಖದ್ದೋ ಬಿಡುಗಡೆಯದೋ ಎಂದು ನಾನು ಅಮ್ಮನನ್ನು ಕೇಳಿದ್ದೆ; ಅಮ್ಮ ನನ್ನ ತಲೆಗೆ ಮೊಟಕಿದಳು. ನನ್ನಂಥ ಮನೆಮಗಳು ಕರಣೆ ಮುಟ್ಟಬಾರದು, ಮುಟ್ಟಿದರೆ ಮನೆ ಅವಳ ಪಾಲಾಗುತ್ತದೆ. ಗಂಡಸರು ಮುಟ್ಟಬಾರದೆಂದು ಯಾರೂ ಯಾವತ್ತೂ ಹೇಳಿಲ್ಲ. ಹೇಳಬೇಕಾದ ಪ್ರಸಂಗವೇ ಬಂದಿರಲಿಲ್ಲ.

ಇನ್ನೊಂದು ಕಟ್ಟಳೆಯೂ ಇದೆ. ಯಜಮಾನಿ ಮನೆ ಬಿಟ್ಟು ಎಲ್ಲಿಗಾದರೂ ಹೋದರೆ ಅವರು ವಾಪಸು ಬರುವವರೆಗೆ ಬಾನಿಯನ್ನು ಬಾಚುವಂತಿಲ್ಲ. ಅವರ ಕೊನೆಯ ಗುರುತು ಅದರಲ್ಲಿ ಹಾಗೇ ಇರಬೇಕು. ಇಲ್ಲವಾದರೆ ಬೀದಿಯ ಯಾವ ಪುಂಡ ಬೆಕ್ಕು ಬೇಕಾದರೂ ಒಳಗೆ ಬಂದು ಕೂತು ಮನೆ ತನ್ನದೆನ್ನಬಹುದು, ತನಗೆ ಬೇಕಾದ ಒಕ್ಕಲನ್ನು ಕರೆದುಕೊಳ್ಳಬಹುದು. ಹಾಗೆ ಮನೆ ಕಳೆದುಕೊಂಡವರು ನಮ್ಮೂರಿನ ಬಸ್‌ಸ್ಟ್ಯಾಂಡಿನ ಹಿಂದೆ ತಗಡು ಹೊದಿಸಿಕೊಂಡು ಬದುಕುತ್ತಿದ್ದಾರೆ. ಅತ್ತ ಹೋಗುವಾಗ ನಾವು ಆ ಕಡೆ ನೋಡುವುದಿಲ್ಲ.

ಅತ್ತಿಗೆ ಇಂದುಮತಿ ನಾಯಿಗಳ ಊರಿನವಳು. ಅಲ್ಲಿ ನಾಯಿಗಳು ಅಂಗಳದಲ್ಲಿರುತ್ತವೆ, ಮನುಷ್ಯರು ಒಳಗಿರುತ್ತಾರೆ. ಬೆಕ್ಕನ್ನು ಅವಳು ಚಿತ್ರದಲ್ಲಿ ನೋಡಿದ್ದೇ ಹೆಚ್ಚು. ಬಂದ ಹೊಸದರಲ್ಲಿ ರಂಭಮ್ಮನವರನ್ನು "ಅದು" ಎಂದು ಕರೆದು ಅಮ್ಮನ ಕೆಂಗಣ್ಣಿಗೆ ಗುರಿಯಾಗಿದ್ದಳು. ರಂಭಮ್ಮನವರು ಮಾತ್ರ ಏನೂ ಮನಸ್ಸಿಗೆ ಹಚ್ಚಿಕೊಳ್ಳದೆ ಅವಳ ಮಡಿಲಿಗೇ ಹತ್ತಿದರು. ಅಷ್ಟಕ್ಕೇ ನಿಲ್ಲದೆ, ಹಿತ್ತಿಲ ಕೋಣೆಯಲ್ಲಿದ್ದ ಬಾನಿಯನ್ನು ಒಲ್ಲೆನೆಂದು ಹಟ ಹಿಡಿದು, ಅಣ್ಣ ಅತ್ತಿಗೆಯರ ಕೋಣೆಯ ಕಿಟಕಿಯ ಕೆಳಗೆ, ಮಂಚದಿಂದ ಕೈಯಳತೆಯಲ್ಲಿ ತಮ್ಮ ಜಾಗ ಗೊತ್ತುಮಾಡಿಕೊಂಡರು. ಊರವರು ಅದನ್ನು ಭಾಗ್ಯ ಎಂದರು. ಭಾಗ್ಯದ ವಾಸನೆಗೆ ಅತ್ತಿಗೆ ನಿಧಾನವಾಗಿ ಹೊಂದಿಕೊಂಡಳು. ಮೊದಲ ಬಸಿರು ನಿಲ್ಲಲಿಲ್ಲ. ಆಗ ಅವಳು ಬಹಳ ದಿನ ಮಂಚ ಬಿಟ್ಟು ಏಳಲಿಲ್ಲ. ರಂಭಮ್ಮನವರು ಅವಳ ಹೊಟ್ಟೆಗೆ ಒರಗಿ ಮಲಗಿರುತ್ತಿದ್ದರು, ಮನೆಯಲ್ಲಿ ಅವಳಿಗೆ ಸಮಾಧಾನ ಹೇಳಲು ಗೊತ್ತಿದ್ದದ್ದು ಅವರೊಬ್ಬರಿಗೇ.

ಎರಡನೆಯ ಸಲ ಬಸಿರಾದಾಗ ಊರಿಗೆ ಡಾಕ್ಟರ್ ಜೆಸಿಂತಾ ಬಂದಿದ್ದರು. ಮನೆ ಸಿಗದೆ ಆಸ್ಪತ್ರೆಯ ಮಹಡಿಯಲ್ಲೇ ಉಳಿದಿದ್ದರು. ಅವರು ಅತ್ತಿಗೆಯ ರಕ್ತ ಪರೀಕ್ಷೆ ಮಾಡಿಸಿ, ಒಂದು ದಿನ ಅಣ್ಣ ಚಂದ್ರಹಾಸನನ್ನು ಒಳಗೆ ಕರೆದು ಮಾತಾಡಿದರು. ಅತ್ತಿಗೆ ಪರದೆಯಾಚೆ ಬೆಂಚಿನ ಮೇಲಿದ್ದಳು. ಮನೆಗೆ ಬಂದ ಅಣ್ಣ ಚಪ್ಪಲಿಯನ್ನೂ ಬಿಡದೆ ನಡುಮನೆಯಲ್ಲಿ ನಿಂತು ಎಲ್ಲರನ್ನೂ ಕರೆದ. ಅದೇನೋ ಟಾಕ್ಸೊಪ್ಲಾಸ್ಮಾ ಎನ್ನುವ ರೋಗವಂತೆ, ಬೆಕ್ಕಿನಿಂದ ಬರುತ್ತದಂತೆ, ಬಸುರಿಗೆ ತಗಲಿದರೆ ಮಗುವಿನ ಕಣ್ಣಿಗೆ, ಮಿದುಳಿಗೆ ಏಟಂತೆ. ಎಲ್ಲ ಹೇಳಿ ಮುಗಿಸಿ, ಗೋಡೆ ನೋಡುತ್ತ, "ರಂಭಮ್ಮನವರನ್ನ ದೂರ ಕಳಿಸ್ಬೇಕು ಅಂದ್ರು" ಎಂದ.

ಅಪ್ಪ ಆರಾಮಕುರ್ಚಿಯ ಕಡೆ ನೋಡಿದರು. ಅಲ್ಲಿ ಯಜಮಾನಿ ಹೊಟ್ಟೆ ಮೇಲೆ ಮಾಡಿ ನಿದ್ರಿಸುತ್ತಿದ್ದರು. ಒಕ್ಕಲುಗಳು ಯಜಮಾನಿಯನ್ನು ಮನೆ ಬಿಡಿಸಿದ್ದು ಊರಿನ ನೆನಪಿನಲ್ಲೇ ಇರಲಿಲ್ಲ. ನಾನು ಅತ್ತಿಗೆಯ ಮುಖ ನೋಡಿದೆ. ಅವಳು ಅಣ್ಣನನ್ನೇ ದಿಟ್ಟಿಸುತ್ತಿದ್ದಳು, ಏನೋ ಇನ್ನೂ ಬಾಕಿಯಿದೆ, ಹೇಳಲಿ ಎಂದು ಕಾಯುವವಳ ಹಾಗೆ. ಅಣ್ಣ ಚಪ್ಪಲಿ ಬಿಡಲು ಹೊರಗೆ ಹೋದ.

ಸುದ್ದಿ ಹಬ್ಬಿತು. ಮನೆಪಾಲಕರ ಮಂಡಳಿ ಸೇರಿತು. ಊರಿನ ಬೆಕ್ಕುಗಳ ಹಕ್ಕುಬಾಧ್ಯತೆ ನೋಡಿಕೊಳ್ಳುವ ಹಿರಿಯರ ಕೂಟ ಅದು, ಅಧ್ಯಕ್ಷರು ಈರಭದ್ರಪ್ಪನವರು. ನಾಲ್ಕು ಜನ ಸೇರಿದ ಕಡೆ ಎರಡು ಮಾತಾಡದೆ ಅವರಿಗೆ ಊಟ ಸೇರುವುದಿಲ್ಲ. ಇಂಥ ಅಪಚಾರಕ್ಕೆ ಅವರು ಬೆಂಕಿಯಾಗುತ್ತಾರೆಂದು ನಾವೆಲ್ಲ ಹೆದರಿದ್ದೆವು. ಆದರೆ ಅವರು ಕಣ್ಣೊರೆಸಿಕೊಂಡು, ಹುಟ್ಟಲಿರುವ ಕೂಸಿಗಾಗಿ ತನ್ನ ಯಜಮಾನಿಯನ್ನೇ ಅಗಲುವ ತಂದೆ ಎಲ್ಲಿ ಸಿಗುತ್ತಾನೆ ಎಂದರು. ಅಲ್ಲಿಂದ ಗಾಳಿಯ ದಿಕ್ಕು ಬದಲಾಯಿತು. ಅಣ್ಣ ಬೀದಿಯಲ್ಲಿ ಹೋದರೆ ಜನ ಎದ್ದು ನಿಲ್ಲತೊಡಗಿದರು. ತ್ಯಾಗಿ ಎನ್ನುವ ಮಾತು ಹುಟ್ಟಿದ್ದು ಕ್ಷೌರದಂಗಡಿಯಲ್ಲಿ, ಆಮೇಲೆ ಅದು ಹೆಸರಿನ ಹಿಂದೆಯೇ ಅಂಟಿಕೊಂಡಿತು.

ರಂಭಮ್ಮನವರನ್ನು ಕಳಿಸಿದ್ದು ಸೋದರಮಾವ ಕೆಂಚಪ್ಪನ ಹಿಟ್ಟಿನ ಗಿರಣಿಗೆ. ಗಿರಣಿ ಮನೆಯಲ್ಲವಾದ್ದರಿಂದ ಅದಕ್ಕೆ ಯಜಮಾನಿ ಇರಲಿಲ್ಲ, ಜಗಳ ಬರುವಂತಿರಲಿಲ್ಲ. ಬುಟ್ಟಿಗೆ ರೇಷ್ಮೆ ಹಾಸಿ, ವಾಲಗದವರನ್ನು ಕರೆಸಿ ಮೆರವಣಿಗೆಯಲ್ಲಿ ಕರೆದೊಯ್ದರು. ಹುಟ್ಟಿದಾಗಿನಿಂದ ಬೇಯಿಸಿದ ಮೀನು, ಹಾಲನ್ನ ಬಿಟ್ಟು ಬೇರೇನೂ ಮುಟ್ಟದ ಅವರು, ಗಿರಣಿಯ ಇಲಿಗಳನ್ನು ಕಂಡು ಮೊದಲ ದಿನ ಮಾವನ ಹೆಗಲೇರಿ ಕೂತಿದ್ದರಂತೆ. ವಾರದೊಳಗೆ ಕೈಪಳಗಿತು. ದಿನಕ್ಕೊಂದು ಇಲಿ ಹಿಡಿದು ತಿನ್ನುತ್ತಾರೆ, ಮೈಯಲ್ಲಿ ಹೊಳಪು ಬಂದಿದೆ ಎಂದು ಮಾವ ಹೆಮ್ಮೆಯಿಂದ ಹೇಳಿಕಳಿಸಿದ.

ಇತ್ತ ಬಾನಿ ಅತ್ತಿಗೆಯ ಕೋಣೆಯಲ್ಲೇ ಉಳಿಯಿತು, ಕಿಟಕಿಯ ಕೆಳಗೆ, ಯಜಮಾನಿಯ ಕೊನೆಯ ಗುರುತುಗಳ ಸಮೇತ. ಕದಲಿಸುವಂತಿಲ್ಲ, ಬಾಚುವಂತಿಲ್ಲ. ಪುಂಡ ಬೆಕ್ಕುಗಳು ನುಗ್ಗದಂತೆ ಅಪ್ಪ ಕಿಟಕಿಯನ್ನೂ ಭದ್ರ ಮಾಡಿದರು, ಹಾಗಾಗಿ ಗಾಳಿಯೂ ಇಲ್ಲ. ಅಮ್ಮ ಅದರ ಮೇಲೆ ಹಳೆಯ ಧಾರೆಸೀರೆಯ ತುಂಡು ಹೊದಿಸಿ, ಸಂಜೆ ಸಂಜೆ ಊದುಬತ್ತಿ ಹಚ್ಚುವ ಕೆಲಸವನ್ನು ಅತ್ತಿಗೆಗೆ ಒಪ್ಪಿಸಿದಳು. ಬಸುರಿ ಸೊರಗಬಾರದೆಂದು ಬಿಸಿ ತಾಗಿಸಿ ತೆಗೆದ ಕುರಿಯ ಈಲಿಯನ್ನು, ಅದೇ ಲಿವರನ್ನು, ಒಳಗಿನ ಕೆಂಪು ಹೋದರೆ ಸತ್ವವೂ ಹೋಯಿತೆಂದು, ಹಾಗೇ ತಟ್ಟೆಗೆ ಹಾಕುತ್ತಿದ್ದಳು. ಊರಿನ ಬೇರೆ ಬಸುರಿಯರ ಮನೆಗಳಲ್ಲೂ ಯಜಮಾನಿಯರನ್ನು ನೆಂಟರ ಅಂಗಡಿಗೆ, ಗೋದಾಮಿಗೆ ಸಾಗಿಸಿದರು. ಊರು ತನ್ನ ಜಾಗರೂಕತೆಯನ್ನು ಕಂಡು ತಾನೇ ಬೆರಗಾಗಿತ್ತು.

ಅತ್ತಿಗೆ ಆ ಕೋಣೆಯಲ್ಲಿ ಮಲಗುವುದನ್ನು ಬಿಟ್ಟಳು. ಸೆಕೆ ಎಂದು ನಡುಮನೆಗೆ ಚಾಪೆ ತಂದಳು. ಊದುಬತ್ತಿಯನ್ನು ಬಾಗಿಲಲ್ಲೇ ಸಿಕ್ಕಿಸಿ ಬರುತ್ತಿದ್ದಳು. ಈಲಿ ಒಲ್ಲೆನೆಂದರೆ ಅಮ್ಮ ಮುಖ ಊದಿಸುತ್ತಾಳೆಂದು ತಟ್ಟೆ ಹಿಡಿದು ಹಿತ್ತಿಲಿಗೆ ಹೋಗುತ್ತಿದ್ದಳು. ನಮ್ಮ ಹಿತ್ತಿಲ ಕಾಗೆಗಳು ಆ ವರ್ಷ ದುಂಡಗಾದವು. ಇದನ್ನೆಲ್ಲ ಬಸುರಿಯ ಚಪಲ ಎಂದುಕೊಂಡೆ. ಮಾತಿನಲ್ಲಿ ನಾನು ಚುರುಕು, ಕಣ್ಣಿನಲ್ಲಿ ಅಷ್ಟಿಲ್ಲ.

ಸ್ಕೂಲಿನಲ್ಲಿ ಮಕ್ಕಳ ಮೇಲೆ ಕೂಗಿ ಕೂಗಿ ಗಂಟಲು ಕಟ್ಟಿ ನಾನೊಮ್ಮೆ ಡಾಕ್ಟರ್ ಜೆಸಿಂತಾ ಬಳಿಗೆ ಹೋದೆ. ಬಾಯಿ ತೆಗೆಸಿ ಟಾರ್ಚು ಬಿಟ್ಟು ನೋಡುತ್ತಲೇ ಅವರು, ನಿಮ್ಮಣ್ಣ ದಿನಾ ಬಾನಿ ಬಾಚ್ತಿದ್ದಾರೆ ತಾನೆ ಎಂದು ಕೇಳಿದರು. ಬಾಯಿ ತೆರೆದೇ ಇದ್ದುದರಿಂದ ನನಗೆ ಉತ್ತರ ಕೊಡಲಾಗಲಿಲ್ಲ. ಟಾರ್ಚು ತೆಗೆದ ಮೇಲೂ ಬಾಯಿ ಮುಚ್ಚಲಿಲ್ಲ.

ಯಜಮಾನಿಯನ್ನು ಕಳಿಸಿದ ಸಂಗತಿ ಹೇಳಿದೆ. ಡಾಕ್ಟರು ಕುರ್ಚಿಯಲ್ಲಿ ಹಿಂದಕ್ಕೆ ಒರಗಿದರು. ಇಲ್ಲಿ ಹುಟ್ಟಿ ಬೆಳೆದವರಿಗೆಲ್ಲ ಈ ರೋಗ ಚಿಕ್ಕಂದಿನಲ್ಲೇ ಗೊತ್ತಾಗದಂತೆ ಬಂದು ಹೋಗಿರುತ್ತದೆ, ನಿಮ್ಮತ್ತಿಗೆ ಬೇರೆ ಊರಿನವರು, ಅವರ ರಕ್ತದಲ್ಲಿ ಅದರ ಸುಳಿವೂ ಇಲ್ಲ, ಬಸುರಿನಲ್ಲಿ ಮೊದಲ ಸಲ ತಗಲಿದರೆ ಮಾತ್ರ ಭಯ ಎಂದು ಬಿಡಿಸಿ ಹೇಳಿದರು. ಬೆಕ್ಕನ್ನು ಮುಟ್ಟುವುದರಲ್ಲಿ ಅಂಥದ್ದೇನಿಲ್ಲ. ಇರುವುದು ಅದರ ಹೇಲಿನಲ್ಲಿ. ಅದೂ ಬಿದ್ದ ಕೂಡಲೇ ಅಲ್ಲ, ಒಂದು ದಿನ ಕಳೆದ ಮೇಲೆ ಅದಕ್ಕೆ ವಿಷ ಏರುತ್ತದೆ. ಅದಕ್ಕೇ ದಿನಾ ತೆಗೆಯಬೇಕು, ಬಸುರಿಯಲ್ಲದವರು ತೆಗೆಯಬೇಕು. ಮಾಂಸ ಚೆನ್ನಾಗಿ ಬೇಯಬೇಕು, ಸೊಪ್ಪು ತೊಳೆಯಬೇಕು, ಕೈಗೆ ಸೋಪು.

"ಇಷ್ಟೇನಾ?" ಎಂದೆ.

"ಇಷ್ಟೇ. ನಿಮ್ಮಣ್ಣನಿಗೆ ಎರಡೆರಡು ಸಲ ಹೇಳಿದ್ದೆ, ನೀವೇ ಬಾಚಿ ಅಂತ. ತಲೆ ಅಲ್ಲಾಡಿಸಿದ್ರು." ಆಮೇಲೆ, ಬೆಕ್ಕು ಈಗ ಎಲ್ಲಿದೆ, ಏನು ತಿನ್ನುತ್ತಿದೆ ಎಂದು ಕೇಳಿದರು. ಇಲಿ ಎಂದೆ. ಬೆಕ್ಕುಗಳಿಗೆ ಈ ರೋಗ ಅಂಟುವುದೇ ಇಲಿಯಿಂದ, ಹಸಿ ಮಾಂಸದಿಂದ ಎಂದು ಹೇಳಿ ಅವರು ಹಣೆ ಹಿಡಿದುಕೊಂಡರು. ನನ್ನ ಗಂಟಲಿಗೆ ಔಷಧಿ ಬರೆದುಕೊಡುವುದು ಇಬ್ಬರಿಗೂ ಮರೆತುಹೋಯಿತು.

ದಾರಿಯುದ್ದಕ್ಕೂ ಲೆಕ್ಕ ಹಾಕಿದೆ. ಒಂದು ಮೆರವಣಿಗೆ, ಮಂಡಳಿಯ ಸಭೆಗಳು, ಬೇರೆ ಮನೆಗಳಿಂದ ಎಬ್ಬಿಸಿದ ಯಜಮಾನಿಯರು, ಇಡೀ ಊರಿನ ಕಣ್ಣೀರು. ಇಷ್ಟೆಲ್ಲ ಆಗಿದ್ದು ಒಬ್ಬ ಗಂಡಸು ಬೆಳಿಗ್ಗೆ ಎದ್ದು ಒಂದು ಕರಣೆ ಹಿಡಿಯುವುದು ತಪ್ಪಲಿ ಎಂದು. ಸಿಟ್ಟಿಗೆ ನನ್ನ ಕಾಲು ನೆಲದ ಮೇಲೆ ನಿಲ್ಲುತ್ತಿರಲಿಲ್ಲ.

ಅತ್ತಿಗೆ ಅಡುಗೆಮನೆಯಲ್ಲಿ ದಂಟಿನ ಸೊಪ್ಪನ್ನು ತೊಳೆದ ನೀರಲ್ಲೇ ಬಿಡದೆ ಮತ್ತೆ ಮತ್ತೆ ಹೊಸ ನೀರಿನಲ್ಲಿ ಜಾಲಿಸುತ್ತಿದ್ದಳು. ಆಗ ನನಗೆ ಹೊಳೆಯಿತು. ಬಾಗಿಲು ಓರೆ ಮಾಡಿ, "ಅತ್ತಿಗೆ, ನಿಮಗೆ ಮೊದಲೇ ಗೊತ್ತಿತ್ತಾ?" ಎಂದೆ.

"ಪರದೆ ತೆಳ್ಳಗಿತ್ತು, ಕುಮುದಾ" ಎಂದಳು.

ಮತ್ಯಾಕೆ ಬಾಯಿ ಬಿಡಲಿಲ್ಲ ಎಂದು ಕೇಳಿದೆ. ಅವಳು ಸೊಪ್ಪನ್ನು ಹಿಂಡಿ ಪಕ್ಕಕ್ಕಿಟ್ಟಳು. "ನಾನು ಹೇಳಿದ್ರೆ ಸೊಸೆಗೆ ಕೆಲಸ ಬೇಜಾರಾಯ್ತು ಅಂತಾರೆ. ಅವರ ಬಾಯಿಂದಾನೇ ಬರಲಿ ಅಂತ ಕಾಯ್ತಿದ್ದೀನಿ. ದಿನಾ ಬೆಳಿಗ್ಗೆ ಎದ್ದು ಬಾನಿ ಕಡೆ ಒಂದ್ಸಲ ನೋಡ್ತಾರೆ. ಇವತ್ತು ತೆಗೀತಾರೆ ಅನ್ಕೋತೀನಿ. ನೋಡಿ, ಹಲ್ಲುಜ್ಜಕ್ಕೆ ಹೋಗ್ತಾರೆ." ಜಾಲಿಸಿದ ನೀರು ಚೆಲ್ಲಿ, "ಹೋದ ಸಲ ನನ್ನ ಕೈಯಿಂದ ಏನಾದ್ರೂ ತಪ್ಪಾಗಿತ್ತಾ ಅಂತ ಡಾಕ್ಟರನ್ನ ಕೇಳ್ದೆ. ಈ ರೋಗದಿಂದ ಅಲ್ಲ, ಮತ್ಯಾಕೆ ಅನ್ನೋದು ಯಾರಿಗೂ ಗೊತ್ತಾಗಲ್ಲ ಅಂದ್ರು" ಎಂದಳು.

ನನಗೆ ಅಳು ಬಂತು. ಕಟ್ಟಳೆ ಹಾಳಾಗಿ ಹೋಗಲಿ, ಕರಣೆ ಎಲ್ಲಿದೆ ಕೊಡಿ, ನಾನೇ ಬಾಚುತ್ತೇನೆ ಎಂದು ಎದ್ದೆ. ಅತ್ತಿಗೆ ನನ್ನ ಕೈ ಹಿಡಿದು ಕೂರಿಸಿದಳು. "ನಾಳೆ ಸಾಯಂಕಾಲದವರೆಗೆ ತಡಿ" ಎಂದಳು.

ಮರುದಿನ ಸಾಯಂಕಾಲ ಅಣ್ಣನಿಗೆ ಸನ್ಮಾನವಿತ್ತು. ಈರಭದ್ರಪ್ಪನವರ ಏರ್ಪಾಡು. ನಮ್ಮ ಮನೆಯಂಗಳದಲ್ಲೇ ಶಾಮಿಯಾನ ಹಾಕಿ, ಮೈಕು ಕಟ್ಟಿ, ಊರನ್ನೆಲ್ಲ ಕರೆದಿದ್ದರು. ಡಾಕ್ಟರನ್ನೂ ಕರೆದು ಕೊನೆಯ ಸಾಲಿನಲ್ಲಿ ಕೂರಿಸಿದ್ದರು. ಅಣ್ಣನಿಗೆ ಮೈಸೂರು ಪೇಟ, ಜರಿ ಶಾಲು, ಗಂಧದ ಹಾರ, ಹಣ್ಣಿನ ಬುಟ್ಟಿ. ಪೇಟ ಒಂದು ಸುತ್ತು ದೊಡ್ಡದಾಗಿ ಕಿವಿಯವರೆಗೂ ಇಳಿದಿತ್ತು. ಅಧ್ಯಕ್ಷರು ತ್ಯಾಗದ ಮೇಲೆ ಬಹಳ ಹೊತ್ತು ಮಾತಾಡಿದರು. ಕೊನೆಗೆ, ಈ ಪುಣ್ಯಾತ್ಮನ ಧರ್ಮಪತ್ನಿಯೂ ಎರಡು ಮಾತಾಡಲಿ ಎಂದು ಮೈಕನ್ನು ಅತ್ತಿಗೆಯ ಕಡೆ ತಿರುಗಿಸಿದರು. ಇಂಥ ಕಡೆ ಹೆಂಗಸರು ನಾಚಿ ಇಲ್ಲವೆನ್ನುವುದು ವಾಡಿಕೆ. ಅತ್ತಿಗೆ ಎದ್ದು ನಿಂತಳು.

"ಡಾಕ್ಟರಮ್ಮ ಇಲ್ಲೇ ಇದ್ದಾರೆ, ತಪ್ಪಿದ್ರೆ ತಿದ್ದಲಿ" ಎಂದು ಶುರು ಮಾಡಿದಳು. "ಅವರು ರಂಭಮ್ಮನವರನ್ನ ಕಳಿಸಿ ಅನ್ನಲಿಲ್ಲ. ಬಾನಿಯಲ್ಲಿ ಹಳೇದು ನಿಲ್ಲಬಾರದು, ಗಂಡ ದಿನಾ ಬಾಚಬೇಕು ಅಂದ್ರು. ಅದು ಒಳಗೆ ನನ್ನ ಮಂಚದ ಪಕ್ಕ ಹಾಗೇ ಇದೆ. ನನಗೆ ಶಾಲು ಹಾರ ಏನೂ ಬೇಡ. ನನ್ನ ಮಗೂಗೆ ಕಣ್ಣು ಕಾಣ್ಬೇಕು."

ಡಾಕ್ಟರು ಕೊನೆಯ ಸಾಲಿನಲ್ಲಿ ಎದ್ದು ನಿಂತು ಹೌದೆಂದು ತಲೆಯಾಡಿಸಿದರು. ಎಲ್ಲರೂ ಅಣ್ಣನನ್ನು ನೋಡಿದರು. ಅವನ ಮುಖ ಪೇಟದೊಳಗೆ ಎಲ್ಲಿ ಅಡಗಲಿ ಎಂದು ಹುಡುಕುತ್ತಿತ್ತು. ನಮ್ಮಣ್ಣ ಕೆಟ್ಟವನಲ್ಲ, ಅವನಿಗೆ ಕೇಡಿಗಿಂತ ನಾಚಿಕೆ ದೊಡ್ಡದಾಗಿ ಕಂಡಿತ್ತು, ಅಷ್ಟೇ. ಆ ಅಷ್ಟೇ ಒಂದು ಕೂಸನ್ನು ನುಂಗುವಷ್ಟು ದೊಡ್ಡದಿತ್ತು.

ಆದರೆ ಈರಭದ್ರಪ್ಪನವರು ಅಂಥಿಂಥವರಲ್ಲ. ಹಾಕಿದ ಶಾಲನ್ನು ವಾಪಸು ತೆಗೆದುಕೊಳ್ಳುವುದು ಅಧ್ಯಕ್ಷಗಿರಿಗೆ ಅವಮಾನ. ಅವರು ಮೈಕು ಎಳೆದುಕೊಂಡು, ಗಂಟಲು ಸರಿಮಾಡಿ, ಮಂಡಳಿಯ ವಿಶೇಷ ವಿನಾಯಿತಿಯ ಮೇರೆಗೆ, ಕಾರ್ಯಕ್ರಮದ ಮುಂದಿನ ಭಾಗವಾಗಿ ಸನ್ಮಾನಿತರು ಈಗ ಬಾನಿ ಬಾಚುವರು ಎಂದು ಘೋಷಿಸಿದರು. ವಾಲಗದವರಿಗೆ ಸನ್ನೆಯೂ ಆಯಿತು. ಜನ ನಿಟ್ಟುಸಿರು ಬಿಟ್ಟು ಚಪ್ಪಾಳೆ ತಟ್ಟಿದರು.

ಅಣ್ಣ ಒಳಗೆ ನಡೆದ. ಡಾಕ್ಟರು ಚೀಲದಿಂದ ರಬ್ಬರ್ ಕೈಗವಸು ತೆಗೆದುಕೊಟ್ಟು, ಬಸುರಿಯನ್ನು ಅಂಗಳದಲ್ಲೇ ಉಳಿಯಲು ಹೇಳಿದರು. ಅಪ್ಪ ಭದ್ರ ಮಾಡಿದ್ದ ಕಿಟಕಿಯನ್ನು ತೆರೆದರು, ಜನ ಬಾಗಿಲಿಗೂ ಕಿಟಕಿಗೂ ಮುತ್ತಿದರು. ಪೇಟ, ಶಾಲು, ಗಂಧದ ಹಾರ, ಕೈಗವಸು ತೊಟ್ಟ ನಮ್ಮಣ್ಣ ಬಾನಿಯೆದುರು ಕುಕ್ಕರುಗಾಲಲ್ಲಿ ಕೂತು, ಮುಖ ಓರೆ ಮಾಡಿಕೊಂಡು, ಹಳೆಯ ಮರಳನ್ನೆಲ್ಲ ಬಾಚಿ ಹಳ್ಳಕ್ಕೆ ಹಾಕಿಸಿ, ಬಾನಿಗೆ ಕುದಿನೀರು ಹೊಯ್ದು ತೊಳೆದು, ಹೊಸ ಮರಳು ತುಂಬಿದ. ಅಮ್ಮ ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡು ಅಳುತ್ತಿದ್ದಳು. ಈ ಸಲ ಅದು ಯಾವ ಕಣ್ಣೀರೆಂದು ಕೇಳುವ ಧೈರ್ಯ ನನಗಾಗಲಿಲ್ಲ.

ವಾಲಗದ ಸದ್ದು ಗಿರಣಿಯವರೆಗೂ ಕೇಳಿಸಿತ್ತೆಂದು ಕಾಣುತ್ತದೆ. ಜನರ ಕಾಲುಗಳ ನಡುವೆ ದಾರಿ ಮಾಡಿಕೊಂಡು ರಂಭಮ್ಮನವರು ಬಂದರು. ಮೊದಲಿಗಿಂತ ಮೈಕೈ ತುಂಬಿಕೊಂಡಿದ್ದರು. ಯಾರನ್ನೂ ಕಣ್ಣೆತ್ತಿ ನೋಡದೆ ಕೋಣೆಗೆ ಹೋಗಿ, ಹೊಸ ಮರಳನ್ನು ಮೂಸಿ, ಎರಡು ಸಲ ಕೆದರಿ, ಊರಿನ ಸಮಸ್ತರ ಎದುರು ತಮ್ಮ ಕೆಲಸ ಮುಗಿಸಿ, ಮುಚ್ಚಿ, ಆರಾಮಕುರ್ಚಿಗೆ ಹೋದರು. ಯಜಮಾನಿ ಹರಸಿದರು ಎಂದು ಈರಭದ್ರಪ್ಪನವರು ಕೈ ಮುಗಿದರು. ಮತ್ತೆ ಚಪ್ಪಾಳೆ.

ಆಗ ಅಂಗಳದಿಂದ ಅತ್ತಿಗೆ ಕೇಳಿದಳು, "ನಾಳೆ ಯಾರು?"

ಎಲ್ಲರೂ ನಕ್ಕರು. ಒಳ್ಳೆಯ ತಮಾಷೆಯ ಹೆಂಗಸು ಎಂದುಕೊಂಡು ಹಣ್ಣು ಹಂಪಲು ತಿಂದು ಮನೆಗೆ ಹೋದರು.

ಮಾರನೆಯ ಬೆಳಿಗ್ಗೆ ಅಣ್ಣನಿಗೆ ಸೊಂಟ ಹಿಡಿದುಕೊಂಡಿತು. ಕುಕ್ಕರುಗಾಲಲ್ಲಿ ಕೂತು ಅಭ್ಯಾಸವಿಲ್ಲ ನೋಡಿ. ಅವನು ನರಳುತ್ತ ಮಲಗಿರುವಾಗ ನಾನು ಅತ್ತಿಗೆಯನ್ನು ಕೇಳದೆ ಕರಣೆ ಕೈಗೆತ್ತಿಕೊಂಡು ಬಾನಿ ಬಾಚಿದೆ. ಅಪ್ಪ ಅದನ್ನು ನೋಡಿ ಹೌಹಾರಿದರು. ಕಟ್ಟಳೆಯ ಪ್ರಕಾರ ಒಕ್ಕಲುತನ ನನ್ನದಾಯಿತು, ಇನ್ನು ನೀವೆಲ್ಲ ನನ್ನ ಮನೆಯಲ್ಲಿರುವವರು, ಬಾಡಿಗೆ ಆಮೇಲೆ ಮಾತಾಡೋಣ ಎಂದೆ. ಮಧ್ಯಾಹ್ನದ ಊಟದ ಹೊತ್ತಿಗೆ ಅಣ್ಣನ ಸೊಂಟ ಸರಿಹೋಯಿತು. ಅಲ್ಲಿಂದ ಹೆರಿಗೆಯವರೆಗೂ ದಿನಾ ಅವನೇ ಬಾಚಿದ. ಕೋಣೆಯ ಬಾಗಿಲು ಹಾಕಿಕೊಂಡು, ಹಾಲಿನವನು ಬರುವ ಮೊದಲು. ಬಾಚಿದ ಎನ್ನುವುದಷ್ಟೇ ನಮಗೆ ಬೇಕಾಗಿತ್ತು. ಅತ್ತಿಗೆಯ ರಕ್ತ ಮತ್ತೆ ಪರೀಕ್ಷೆಯಾಯಿತು. ಏನೂ ತಗಲಿರಲಿಲ್ಲ. ಡಾಕ್ಟರು ಅದನ್ನು ಅದೃಷ್ಟ ಎಂದರು, ಕಾಗೆಗಳಿಗೆ ಉಣಿಸಿದ ಕೈಯ ಬಗ್ಗೆ ಅವರಿಗೆ ಗೊತ್ತಿರಲಿಲ್ಲ. ಹುಟ್ಟಿದ ಹುಡುಗಿ ಹತ್ತಿರ ಹೋದವರನ್ನೆಲ್ಲ ದುರುಗುಟ್ಟಿ ನೋಡುತ್ತಿದ್ದಳು. ಅಷ್ಟು ಚೆನ್ನಾಗಿ ಕಣ್ಣು ಕಾಣುತ್ತಿತ್ತು.

ಈಗ ನಮ್ಮೂರಿನಲ್ಲಿ ಸೀಮಂತದ ದಿನ ಬಸುರಿಯ ಗಂಡ ಬಾನಿ ಬಾಚುವುದು ಪದ್ಧತಿ. ಅನಾದಿಯಿಂದ ಬಂದದ್ದು ಎನ್ನುತ್ತಾರೆ. ಪೇಟ ಕಡ್ಡಾಯ, ಶಾಲು ಕಡ್ಡಾಯ, ಕೈಗವಸು ಈಗ ಜರಿ ಅಂಚಿನದೂ ಸಿಗುತ್ತದೆ. ವಾಲಗ ಊದುತ್ತಾರೆ, ಫೋಟೋ ತೆಗೆಯುತ್ತಾರೆ, ಗಂಡನಾದವನು ಒಂದು ಕರಣೆ ಬಾಚಿ ಕೈ ತೊಳೆದುಕೊಳ್ಳುತ್ತಾನೆ, ಊಟಕ್ಕೆ ಏಳುತ್ತಾರೆ.

ಮೊದಲ ಆರತಿಗೆ ಎಲ್ಲರೂ ಕರೆಯುವುದು ಅತ್ತಿಗೆಯನ್ನೇ. ಅವಳು ಹೋಗಿ, ಆರತಿ ಎತ್ತಿ, ಎಲ್ಲ ಮುಗಿದ ಮೇಲೆ ಅದೇ ಮಾತು ಕೇಳುತ್ತಾಳೆ, ನಾಳೆ ಯಾರು ಎಂದು. ಅದೂ ಶಾಸ್ತ್ರದಲ್ಲಿ ಸೇರಿಹೋಗಿದೆ. ಕೇಳಿದ ಕೂಡಲೇ ಜನ ನಗುತ್ತಾರೆ, ಗಂಡಿನ ಕಡೆಯವರು ಸ್ವಲ್ಪ ಹೆಚ್ಚಾಗಿ. ಮೊನ್ನೆ ಗಿರಣಿ ಬೀದಿಯ ಮನೆಯಲ್ಲಿ ಹೀಗೇ ಎಲ್ಲರೂ ನಗುತ್ತಿದ್ದಾಗ ನಾನು ಬಸುರಿಯನ್ನು ನೋಡಿದೆ. ಅವಳೂ ಬೇರೆ ಊರಿನಿಂದ ಬಂದವಳು. ಅವಳು ನಗಲಿಲ್ಲ. ಗಂಡನ ಮುಖ ನೋಡುತ್ತ, ಉತ್ತರಕ್ಕಾಗಿ ಕಾಯುತ್ತಿದ್ದಳು.